ಹ್ಯಾಲೋವೀನ್‌ಗೆ ಜೆಲಟಿನ್ ಇಲ್ಲದ ‘ಮೆದುಳು’: ಚೈನಾ ಗ್ರಾಸ್‌ನಲ್ಲಿ ಯಾರಾದರೂ ಮಾಡಿದ್ದೀರಾ?

ಪ್ರಶ್ನೆ: ನೇಪರ್‌ವಿಲ್‌ನ ಅಮ್ಮ

ಎಲ್ಲರಿಗೂ ನಮಸ್ಕಾರ. ನಾವು ಷಿಕಾಗೋ ಪಕ್ಕದ ನೇಪರ್‌ವಿಲ್‌ನಲ್ಲಿದ್ದೇವೆ. ಅಕ್ಟೋಬರ್ 31ರ ಸಂಜೆ ಮಕ್ಕಳು ವೇಷ ಹಾಕಿಕೊಂಡು ಮನೆಮನೆಗೆ ಹೋಗಿ ಮಿಠಾಯಿ ಕೇಳಿ ಬಂದ ಮೇಲೆ, ಹತ್ತು ಹನ್ನೆರಡು ಜನ ನಮ್ಮ ಮನೆಗೇ ಬರುತ್ತಾರೆ. ನಾಲ್ಕನೆಯ ತರಗತಿಯಲ್ಲಿರುವ ಮಗಳದ್ದು ಒಂದೇ ಬೇಡಿಕೆ: ಮೇಜಿನ ನಡುವೆ ಜೆಲ್ಲಿಯ ಮೆದುಳು ಇರಬೇಕು, ಅದರ ಮೇಲೆ ರಕ್ತ ಸುರಿದಿರಬೇಕು.

ಕಳೆದ ವರ್ಷ ಅವಳ ಗೆಳತಿಯ ಮನೆಯಲ್ಲಿ ಇಂಥದ್ದನ್ನು ಮಾಡಿದ್ದರು. ಅದರಲ್ಲಿ ಜೆಲಟಿನ್ ಇದೆಯೇ ಎಂದು ಇವಳು ತಾನಾಗಿಯೇ ಕೇಳಿದಳು, ಇದೆ ಎಂದು ಗೊತ್ತಾದಾಗ ತಿನ್ನದೆ ಕುಳಿತಳು. ಜೆಲಟಿನ್ ಪ್ರಾಣಿಗಳಿಂದ ತೆಗೆಯುವಂಥದ್ದು, ನಮ್ಮದು ಶುದ್ಧ ಸಸ್ಯಾಹಾರ. ಹಾಗಾಗಿ ಮಾರ್ಷ್‌ಮ್ಯಾಲೋ, ಗಮ್ಮಿ ಹುಳುಗಳು, ಕ್ಯಾಂಡಿ ಕಾರ್ನ್ ಎಲ್ಲವನ್ನೂ ಡಬ್ಬಿಯ ಹಿಂದೆ ಓದಿ ಬದಿಗಿಡುವುದು ಅವಳಿಗೆ ಅಭ್ಯಾಸವಾಗಿದೆ. ಎಲ್ಲರೂ ತಿನ್ನುತ್ತಿರುವಾಗ ಒಬ್ಬಳೇ ಬೇಡ ಎನ್ನುವುದು ಆ ವಯಸ್ಸಿನ ಮಗುವಿಗೆ ಸುಲಭವಲ್ಲ. ಈ ಸಲ ಮೊದಲ ತುಂಡನ್ನು ಅವಳೇ ಕತ್ತರಿಸಿ ತಿನ್ನಬೇಕು ಎಂಬುದು ನನ್ನ ಆಸೆ.

ಮನೆಯಲ್ಲಿರುವುದು ಇಷ್ಟು: ಪ್ಲಾಸ್ಟಿಕ್‌ನ ಮೆದುಳಿನ ಅಚ್ಚು, ಭಾರತೀಯ ಅಂಗಡಿಯಿಂದ ತಂದ ಚೈನಾ ಗ್ರಾಸ್ ಎಳೆಗಳ ಪೊಟ್ಟಣ, ಅದೇ ಪದಾರ್ಥದ ಪುಡಿ ರೂಪವಾದ ಏಷ್ಯನ್ ಅಂಗಡಿಯ ಅಗರ್ ಪುಡಿ, ಮತ್ತು ಕತ್ತಲೆಯಲ್ಲಿ ನೇರಳೆ ಬೆಳಕು ಚೆಲ್ಲುವ ಒಂದು ಬಲ್ಬು. ಜೆಲಟಿನ್ ಬಳಸುವ ಪಾಕವಿಧಾನದಲ್ಲಿ ಅಷ್ಟೇ ಅಳತೆಯ ಅಗರ್ ಹಾಕಿದರೆ ಸಾಕೇ? ಟಾನಿಕ್ ವಾಟರ್ ಎಂಬ ಕಹಿ ಸೋಡಾ ಹಾಕಿದರೆ ಜೆಲ್ಲಿ ಹೊಳೆಯುತ್ತದೆ ಎಂದು ಕೇಳಿದ್ದೇನೆ, ಮಕ್ಕಳಿಗೆ ಅದನ್ನು ಕೊಡಬಹುದೇ? ಮೇಜಿನ ಮೇಲೆ ಎಷ್ಟು ಹೊತ್ತು ನಿಲ್ಲುತ್ತದೆ? ಬರುವವರಲ್ಲಿ ಮೂರು ವರ್ಷದ ಇಬ್ಬರು ತಮ್ಮಂದಿರೂ ಇದ್ದಾರೆ, ಹಲಾಲ್ ನೋಡಿ ತಿನ್ನುವ ಒಂದು ಕುಟುಂಬವೂ ಇದೆ.

ಶಿವಮೊಗ್ಗದಿಂದ ಅತ್ತೆಯವರು ಬಂದಿದ್ದಾರೆ. ಹಾಲು ಹಾಕಿದ ಚೈನಾ ಗ್ರಾಸ್ ಅವರ ಕೈಯಲ್ಲಿ ಬಹಳ ಚೆನ್ನಾಗಿ ಬರುತ್ತದೆ. ಆದರೆ ಅವರಿಗೇ ಅನುಮಾನ: “ತಟ್ಟೆಗೆ ಸುರಿದು ಚೌಕ ಚೌಕ ಕತ್ತರಿಸುವುದು ಬೇರೆ, ತಲೆಯಷ್ಟು ದೊಡ್ಡದನ್ನು ಇಡಿಯಾಗಿ ಮಗುಚುವುದು ಬೇರೆ. ಬಿರುಕು ಬಿಡುತ್ತದೆ” ಎನ್ನುತ್ತಾರೆ. ತಿಳಿದವರು ದಯವಿಟ್ಟು ಹೇಳಿ.

ಉತ್ತರ: ಎಡಿಸನ್‌ನಿಂದ, ಇಬ್ಬರು ಮಕ್ಕಳ ತಂದೆ

ಸಮಯ ಕಡಿಮೆಯಿದ್ದರೆ ಸಸ್ಯಾಹಾರಿ ಜೆಲ್ಲಿಯ ಸಿದ್ಧ ಪುಡಿಗಳು ಭಾರತೀಯ ಅಂಗಡಿಗಳಲ್ಲೇ ಸಿಗುತ್ತವೆ, ಹೆಚ್ಚಿನವು ಕ್ಯಾರಗೀನನ್ ಎಂಬ ಕಡಲಪಾಚಿಯ ಸಾರದಿಂದ ಮಾಡಿದವು. ಒಂದು ಎಚ್ಚರಿಕೆ: ಪೊಟ್ಟಣದ ಮೇಲೆ ಕೋಷರ್ (ಯಹೂದಿಗಳ ಆಹಾರ ನಿಯಮಕ್ಕೆ ಒಪ್ಪುವ) ಗುರುತಿದ್ದ ಮಾತ್ರಕ್ಕೆ ಸಸ್ಯಾಹಾರಿ ಎಂದುಕೊಳ್ಳಬೇಡಿ. ಮೀನಿನಿಂದ ಅಥವಾ ದನದಿಂದ ತೆಗೆದ ಕೋಷರ್ ಜೆಲಟಿನ್ ಕೂಡ ಇದೆ. ಕೆಂಪು ಬಣ್ಣವಿದ್ದರೆ ‘ಕಾರ್ಮೈನ್’ ಎಂಬ ಹೆಸರನ್ನೂ ಹುಡುಕಿ, ಅದು ಕೀಟದಿಂದ ಬರುವ ಬಣ್ಣ.

ಕಣ್ಣುಗುಡ್ಡೆಗಳಿಗೆ ಡಬ್ಬಿಯ ಲಿಚಿ ಹಣ್ಣು ಸಾಕು. ಬೀಜ ತೆಗೆದ ಕುಳಿಯಲ್ಲಿ ಒಂದು ಬ್ಲೂಬೆರಿ ಕೂರಿಸಿ, ಮೇಲೆ ಸ್ವಲ್ಪ ಕೆಂಪು ಜಾಮ್ ಸವರಿ. ನಮ್ಮ ಮಕ್ಕಳು ಇದನ್ನೇ ಕೇಳುತ್ತಾರೆ.

ಉತ್ತರ: ಪ್ರಯೋಗಾಲಯದ ಅಜ್ಜಿ, ಫ್ರೀಮಾಂಟ್

ಅಮ್ಮಾ, ನಿಮ್ಮ ಅತ್ತೆಯವರ ಅನುಮಾನ ಸರಿಯಾದದ್ದು. ಅವರನ್ನು ಪಕ್ಕದಲ್ಲೇ ಇಟ್ಟುಕೊಂಡು ಮಾಡಿ. ಎಳೆ ಪೂರ್ತಿ ಕರಗಿದೆಯೇ ಇಲ್ಲವೇ ಎಂಬುದು ಪಳಗಿದ ಕಣ್ಣಿಗೆ ತಟ್ಟನೆ ಗೊತ್ತಾಗುತ್ತದೆ.

ನಾನು ಮೈಸೂರಿನಲ್ಲಿ ಆಸ್ಪತ್ರೆಯೊಂದರ ಸೂಕ್ಷ್ಮಜೀವಿ ಪ್ರಯೋಗಾಲಯದಲ್ಲಿ ಕೆಲಸ ಮಾಡಿ ನಿವೃತ್ತಳಾದವಳು. ಅಗರ್ ಕುದಿಸಿ, ರೋಗಾಣುಗಳನ್ನು ಬೆಳೆಸುವ ಪೆಟ್ರಿ ತಟ್ಟೆಗಳಿಗೆ ಎರೆಯುವುದೇ ನನ್ನ ಬೆಳಗಿನ ಕೆಲಸವಾಗಿತ್ತು. ಈಗ ಮಗಳ ಮನೆಯಲ್ಲಿದ್ದು ಮೊಮ್ಮಕ್ಕಳಿಗೆ ಅದೇ ಅಗರ್‌ನಲ್ಲಿ ಜೆಲ್ಲಿ ಮಾಡುತ್ತೇನೆ. ಆದ್ದರಿಂದ ಇದು ನನಗೆ ತುಂಬ ಪ್ರೀತಿಯ ವಿಷಯ, ಸ್ವಲ್ಪ ಉದ್ದವಾಗಿಯೇ ಬರೆಯುತ್ತೇನೆ.

ಅಗರ್ ಅನ್ನು ಜೆಲಟಿನ್‌ನ ಬದಲಿ ಎಂದು ನೋಡುವುದನ್ನು ಮೊದಲು ಬಿಡಿ. ಎರಡರ ಸ್ವಭಾವವೇ ಬೇರೆ. ಜೆಲಟಿನ್ ಪ್ರಾಣಿಗಳ ಚರ್ಮ ಮತ್ತು ಮೂಳೆಯಿಂದ ತೆಗೆದ ಪ್ರೋಟೀನ್. ಬೆಚ್ಚಗಿನ ನೀರಿನಲ್ಲೇ ಕರಗುತ್ತದೆ, ಹೆಪ್ಪುಗಟ್ಟಲು ಫ್ರಿಜ್ ಬೇಕು, ಸುಮಾರು 35 ಡಿಗ್ರಿ ಸೆಲ್ಸಿಯಸ್ ತಲಪುವಷ್ಟರಲ್ಲಿ ಮತ್ತೆ ನೀರಾಗುತ್ತದೆ. ಬಾಯಲ್ಲಿ ಕರಗುವುದು ಅದಕ್ಕೇ. ಅಗರ್ ಕೆಂಪು ಕಡಲಪಾಚಿಯಿಂದ ಬರುವುದು, ಪಿಷ್ಟದ ಬಳಗಕ್ಕೆ ಸೇರಿದ್ದು. ಚೆನ್ನಾಗಿ ಕುದಿಸದೆ ಕರಗುವುದಿಲ್ಲ. 32ರಿಂದ 40 ಡಿಗ್ರಿಯ ನಡುವೆ, ಅಂದರೆ ಅಡುಗೆಮನೆಯ ಕಟ್ಟೆಯ ಮೇಲೆಯೇ ಗಟ್ಟಿಯಾಗುತ್ತದೆ. ಒಮ್ಮೆ ಗಟ್ಟಿಯಾದರೆ 85 ಡಿಗ್ರಿಯವರೆಗೆ ಬಿಸಿ ಮಾಡದೆ ಕರಗುವುದಿಲ್ಲ. ಜೆಲಟಿನ್ ಬಾಗುತ್ತದೆ, ನಡುಗುತ್ತದೆ. ಅಗರ್ ಬಾಗುವುದಿಲ್ಲ, ಒತ್ತಿದರೆ ಮುರಿಯುತ್ತದೆ. ಹೀಗಾಗಿ ಜೆಲಟಿನ್ ಮೆದುಳು ತಟ್ಟೆಯಲ್ಲಿ ಕುಲುಕಾಡುತ್ತದೆ, ಅಗರ್ ಮೆದುಳು ಕುಲುಕಾಡುವುದಿಲ್ಲ, ಆದರೆ ಅದರ ಪ್ರತಿಯೊಂದು ಮಡಿಕೆಯೂ ಸ್ಪಷ್ಟವಾಗಿ ಮೂಡುತ್ತದೆ. ನಡುಗಿಸುವ ಆಸೆ ಬಿಟ್ಟು ಈ ಸ್ಪಷ್ಟತೆಯನ್ನು ಬಳಸಿಕೊಂಡರೆ ನಿಮ್ಮ ಮೇಜು ಗೆಲ್ಲುತ್ತದೆ.

ಒಂದು ಮಾತು ಹೇಳಲೇಬೇಕು, ನಿಮ್ಮ ಮಗಳಿಗೂ ಹೇಳಿ. 1881ರವರೆಗೆ ರೋಗಾಣುಗಳನ್ನು ಬೆಳೆಸಲು ಬರ್ಲಿನ್‌ನ ರಾಬರ್ಟ್ ಕಾಕ್ ಅವರ ಪ್ರಯೋಗಾಲಯದಲ್ಲಿ ಜೆಲಟಿನ್ ಬಳಸುತ್ತಿದ್ದರು. ಮನುಷ್ಯದೇಹದ ಬಿಸಿ 37 ಡಿಗ್ರಿ, ಆ ಬಿಸಿಯಲ್ಲಿಟ್ಟರೆ ಜೆಲಟಿನ್ ಕರಗಿ ಹರಿಯುತ್ತಿತ್ತು. ಕೆಲವು ಬ್ಯಾಕ್ಟೀರಿಯಾಗಳಂತೂ ಅದನ್ನೇ ತಿಂದು ನೀರು ಮಾಡುತ್ತಿದ್ದವು. ಅಲ್ಲಿ ಕೆಲಸ ಮಾಡುತ್ತಿದ್ದ ವಾಲ್ಟರ್ ಹೆಸ್ಸೆ ಎಂಬ ವೈದ್ಯರು, ನಿನ್ನ ಜೆಲ್ಲಿಗಳು ಬೇಸಿಗೆಯಲ್ಲೂ ಹೇಗೆ ಗಟ್ಟಿಯಾಗಿರುತ್ತವೆ ಎಂದು ಹೆಂಡತಿಯನ್ನು ಕೇಳಿದರು. ಆಕೆ ಫ್ಯಾನಿ ಹೆಸ್ಸೆ, 1850ರಲ್ಲಿ ನ್ಯೂಯಾರ್ಕ್‌ನಲ್ಲಿ ಹುಟ್ಟಿದವರು. ಜಾವಾದಲ್ಲಿದ್ದು ಬಂದ ಡಚ್ ನೆರೆಯವರಿಂದ ಅಗರ್ ಬಳಕೆ ಕಲಿತಿದ್ದರು. ಅದನ್ನೇ ಬಳಸಿ ನೋಡಿ ಎಂದರು. ಅಂದಿನಿಂದ ಇಂದಿನವರೆಗೆ ಜಗತ್ತಿನ ಎಲ್ಲ ಸೂಕ್ಷ್ಮಜೀವಿ ಪ್ರಯೋಗಾಲಯಗಳಲ್ಲೂ ಅಗರ್ ಇದೆ. 1882ರಲ್ಲಿ ಕ್ಷಯರೋಗದ ಬಗ್ಗೆ ಕಾಕ್ ಬರೆದ ಪ್ರಸಿದ್ಧ ಪ್ರಬಂಧದಲ್ಲಿ ಅಗರ್‌ನ ಪ್ರಸ್ತಾಪವಿದೆ, ಆ ಹೆಣ್ಣುಮಗಳ ಹೆಸರಿಲ್ಲ. ನನಗೆ ಇದು ಈಗಲೂ ನೋವಿನ ಸಂಗತಿ. ಅಗರ್ ಅಡುಗೆಮನೆಯಿಂದಲೇ ಪ್ರಯೋಗಾಲಯಕ್ಕೆ ಹೋದದ್ದು.

ಈಗ ಮೆದುಳು. ಮೊದಲು ಅಚ್ಚಿಗೆ ನೀರು ತುಂಬಿಸಿ ಎಷ್ಟು ಕಪ್ ಹಿಡಿಯುತ್ತದೆ ಎಂದು ಅಳೆಯಿರಿ. ನಾನು ನಾಲ್ಕು ಕಪ್‌ಗೆ ಲೆಕ್ಕ ಕೊಡುತ್ತೇನೆ, ನೀವು ಹೆಚ್ಚು ಕಡಿಮೆ ಮಾಡಿಕೊಳ್ಳಿ. ಎರಡು ಕಪ್ ತಣ್ಣೀರಿಗೆ ನಾಲ್ಕು ಟೀ ಚಮಚ ಅಗರ್ ಪುಡಿ ಹಾಕಿ ಹತ್ತು ನಿಮಿಷ ಬಿಡಿ. ಎಳೆಗಳನ್ನೇ ಬಳಸುವುದಾದರೆ ಹತ್ತು ಗ್ರಾಂ ತೆಗೆದುಕೊಂಡು ಕತ್ತರಿಯಿಂದ ಚೂರು ಮಾಡಿ ಅರ್ಧ ಗಂಟೆ ನೆನೆಸಿ. ದಪ್ಪ ತಳದ ಪಾತ್ರೆಯಲ್ಲಿ ಕೈಬಿಡದೆ ತಿರುಗಿಸುತ್ತಾ ಕುದಿಸಿ. ಪುಡಿಗೆ ಐದು ನಿಮಿಷದ ಕುದಿ ಸಾಕು, ಎಳೆಗಳಿಗೆ ಹತ್ತು ನಿಮಿಷ ಅಥವಾ ಇನ್ನೂ ಹೆಚ್ಚು. ಸೌಟನ್ನು ಎತ್ತಿ ನೋಡಿದಾಗ ಒಂದು ಚೂರೂ ಕಾಣಬಾರದು. ಕರಗಿದ ಮೇಲೆಯೇ ಮುಕ್ಕಾಲು ಕಪ್ ಸಕ್ಕರೆ ಹಾಕಿ. ಮೊದಲೇ ಹಾಕಿದರೆ ಸಕ್ಕರೆ ನೀರನ್ನು ಹಿಡಿದುಕೊಂಡು ಅಗರ್ ಕರಗಲು ಬಿಡುವುದಿಲ್ಲ.

ಇನ್ನೊಂದು ಒಲೆಯಲ್ಲಿ ಒಂದು ಕಪ್ ಗಟ್ಟಿ ಹಾಲು ಮತ್ತು ಒಂದು ಕಪ್ ತೆಂಗಿನ ಹಾಲು ಬಿಸಿಯಾಗಿರಲಿ. ಫ್ರಿಜ್‌ನಿಂದ ತೆಗೆದ ಹಾಲನ್ನು ನೇರವಾಗಿ ಸುರಿಯಲೇಬೇಡಿ, ತಣ್ಣನೆಯದು ತಾಗಿದ ಕಡೆಯಲ್ಲೆಲ್ಲ ಅಗರ್ ಹೆಪ್ಪುಗಟ್ಟಿ ಗಂಟುಗಂಟಾಗುತ್ತದೆ. ಹಾಲಿನ ಕೊಬ್ಬು ಅಗರ್‌ನ ಬಿರುಸನ್ನು ತಗ್ಗಿಸುತ್ತದೆ, ಬಿರುಕಿನ ಭಯಕ್ಕೆ ಅರ್ಧ ಔಷಧಿ ಅದೇ. ಏಲಕ್ಕಿ ಹಾಕಿ. ಬಣ್ಣಕ್ಕೆ ಎರಡು ಚಮಚ ಬೀಟ್‌ರೂಟ್ ರಸ, ಜೊತೆಗೆ ಹಸಿರು ಬಣ್ಣದ ಒಂದೇ ಒಂದು ಹನಿ. ಬರೀ ಗುಲಾಬಿಯಾದರೆ ಹುಟ್ಟುಹಬ್ಬದ ಸಿಹಿಯಂತೆ ಕಾಣುತ್ತದೆ, ಹಸಿರಿನ ಆ ಹನಿಯೇ ಅದನ್ನು ಮಾಂಸದ ಬೂದುಬಣ್ಣಕ್ಕೆ ತಿರುಗಿಸುವುದು. ಬೀಟ್‌ರೂಟ್ ರಸವನ್ನು ಒಲೆ ಆರಿಸಿದ ಮೇಲೆಯೇ ಸೇರಿಸಿ, ಹೆಚ್ಚು ಕುದಿದರೆ ಕೆಂಪು ಹೋಗಿ ಕಂದಾಗುತ್ತದೆ.

ಅಚ್ಚಿಗೆ ಹಾಕುವ ಮುಂಚೆ ಒಂದು ಚಮಚ ತೆಗೆದು ತಣ್ಣನೆಯ ತಟ್ಟೆಯ ಮೇಲೆ ಬಿಡಿ. ಎರಡು ಮೂರು ನಿಮಿಷದಲ್ಲಿ ಹೆಪ್ಪುಗಟ್ಟುತ್ತದೆ, ಬೆರಳಿನಿಂದ ಒತ್ತಿ ನೋಡಿ. ಕಂಪನಿಯಿಂದ ಕಂಪನಿಗೆ ಪುಡಿಯ ಬಲ ಬೇರೆಯಾಗಿರುವುದರಿಂದ ಈ ಪರೀಕ್ಷೆ ಅಗತ್ಯ. ಮೆತ್ತಗಿದ್ದರೆ ಇನ್ನೊಂದು ಚಮಚ ಪುಡಿಯನ್ನು ಸ್ವಲ್ಪ ನೀರಿನಲ್ಲಿ ಕುದಿಸಿ ಸೇರಿಸಿ. ಗಟ್ಟಿಯಾಗಿದ್ದರೆ ಬಿಸಿ ಹಾಲು ಸೇರಿಸಿ. ಅಗರ್ ಎಷ್ಟು ಸಲ ಕರಗಿಸಿದರೂ ಬೇಸರಪಡದೆ ಮತ್ತೆ ಗಟ್ಟಿಯಾಗುತ್ತದೆ, ನನಗೆ ಅದರ ಮೇಲೆ ಇಷ್ಟು ಮಮತೆ ಇರುವುದಕ್ಕೆ ಅದೂ ಒಂದು ಕಾರಣ.

ತೆಳು ಪ್ಲಾಸ್ಟಿಕ್ ಅಚ್ಚಿಗೆ ಕುದಿಯುವುದನ್ನು ಸುರಿಯಬೇಡಿ, ಸೊಟ್ಟಗಾಗುತ್ತದೆ. ಹಬೆ ನಿಲ್ಲುವವರೆಗೆ ತಿರುಗಿಸುತ್ತಾ ಆರಿಸಿ. ಹೀಗೆ ತಿರುಗಿಸದಿದ್ದರೆ ತೆಂಗಿನ ಹಾಲಿನ ಕೊಬ್ಬು ಮೇಲೆ ತೇಲಿ ಎರಡು ಪದರವಾಗುತ್ತದೆ. ಅಚ್ಚಿಗೆ ಎಣ್ಣೆ ಬೇಡ, ನೀರಿನಿಂದ ಒದ್ದೆ ಮಾಡಿದ್ದರೆ ಸಾಕು. ರಾತ್ರಿಯಿಡೀ ಫ್ರಿಜ್‌ನಲ್ಲಿರಲಿ.

ರಕ್ತಕ್ಕೆ ನಾನು ಪುನರ್ಪುಳಿ ಬಳಸುತ್ತೇನೆ. ಭಾರತೀಯ ಅಂಗಡಿಯಲ್ಲಿ ಕೋಕಂ ಎಂದು ಒಣಗಿದ ಸಿಪ್ಪೆ ಸಿಗುತ್ತದೆ. ನೆನೆಸಿ, ಸಕ್ಕರೆ ಹಾಕಿ ಕುದಿಸಿ, ಸೋಸಿ, ಸ್ವಲ್ಪ ಕಾರ್ನ್‌ಫ್ಲೋರ್‌ನಿಂದ ಮಂದ ಮಾಡಿ ತಣಿಸಿ. ಅದರ ಬಣ್ಣ ಕಡುಗೆಂಪು, ಹಳೆಯ ರಕ್ತದ್ದು. ಹುಳಿಯೂ ಏಲಕ್ಕಿ ಹಾಲಿನ ಸಿಹಿಗೆ ಚೆನ್ನಾಗಿ ಹೊಂದುತ್ತದೆ. ಬಡಿಸುವಾಗಲೇ ಸುರಿಯಿರಿ. ಉಪ್ಪು ಹಾಕಿ ಒಣಗಿಸಿದ ಸಿಪ್ಪೆಯೂ ಮಾರಾಟಕ್ಕಿರುತ್ತದೆ, ಅದನ್ನು ತರಬೇಡಿ.

ಹೊಳೆಯುವ ಜೆಲ್ಲಿ ನಿಜ. ಟಾನಿಕ್ ವಾಟರ್‌ನಲ್ಲಿರುವ ಕ್ವಿನೈನ್ ನಿಮ್ಮ ನೇರಳೆ ಬಲ್ಬಿನ ಕೆಳಗೆ ತಿಳಿನೀಲಿಯಾಗಿ ಹೊಳೆಯುತ್ತದೆ. ಕುದಿಸಿದರೂ ಹೊಳಪು ಹೋಗುವುದಿಲ್ಲ, ಆದರೆ ಉಪ್ಪು ಬಿದ್ದರೆ ಮಂಕಾಗುತ್ತದೆ. ಉಪ್ಪಿನಲ್ಲಿರುವ ಕ್ಲೋರೈಡ್ ಆ ಹೊಳಪನ್ನು ನುಂಗುತ್ತದೆ. ಕ್ವಿನೈನ್ ಕಹಿ. ಅಮೆರಿಕದಲ್ಲಿ ಪಾನೀಯಗಳಲ್ಲಿ ಅದರ ಪ್ರಮಾಣ ಹತ್ತು ಲಕ್ಷಕ್ಕೆ 83 ಭಾಗ ಮೀರಬಾರದೆಂಬ ನಿಯಮವಿದೆ. ಅಷ್ಟಿದ್ದರೂ ಚಿಕ್ಕ ಮಕ್ಕಳಿಗೆ, ಗರ್ಭಿಣಿಯರಿಗೆ, ಹೃದಯದ ಬಡಿತಕ್ಕೆ ಔಷಧಿ ತೆಗೆದುಕೊಳ್ಳುವವರಿಗೆ ನಾನು ಕೊಡುವುದಿಲ್ಲ. ಆದ್ದರಿಂದ ಹೊಳೆಯುವುದನ್ನು ತಿನ್ನಲು ಅಲ್ಲ, ನೋಡಲು ಮಾಡಿ. ಒಂದು ಗಾಜಿನ ಬೋಗುಣಿಯಲ್ಲಿ ಕೊಳ ಕಟ್ಟಿ: ಒಂದೂವರೆ ಕಪ್ ನೀರಿನಲ್ಲಿ ಎರಡು ಟೀ ಚಮಚ ಅಗರ್ ಕುದಿಸಿ, ಒಂದೂವರೆ ಕಪ್ ಬೆಚ್ಚಗಿನ ಟಾನಿಕ್ ವಾಟರ್ ಸೇರಿಸಿ. ಜೆಲಟಿನ್‌ನಷ್ಟು ತಿಳಿಯಾಗಿರುವುದಿಲ್ಲ, ಸ್ವಲ್ಪ ಮಬ್ಬಿರುತ್ತದೆ, ಕೊಳದ ನೀರಿಗೆ ಆ ಮಬ್ಬೇ ಚೆಂದ. ಇದೇ ಅಳತೆಯಲ್ಲಿ ಟಾನಿಕ್ ಬದಲು ಬಿಳಿ ದ್ರಾಕ್ಷಿ ರಸ ಹಾಕಿ ಇನ್ನೊಂದು ಬೋಗುಣಿ ಮಾಡಿ, ಅದರಲ್ಲಿ ನೆನೆಸಿದ ಕಾಮಕಸ್ತೂರಿ ಬೀಜ ಬೆರೆಸಿ. ಒಂದೊಂದು ಕಪ್ಪು ಕಾಳಿನ ಸುತ್ತ ಪಾರದರ್ಶಕ ಪೊರೆ, ಥೇಟ್ ಕಪ್ಪೆಯ ಮೊಟ್ಟೆ. ಮಕ್ಕಳು ಕಿರುಚುತ್ತಲೇ ತಿನ್ನುತ್ತಾರೆ. ಬೀಜ ಹಾಕುವ ಹೊತ್ತು ಮಾತ್ರ ನೋಡಿಕೊಳ್ಳಬೇಕು. ತೀರಾ ಬಿಸಿಯಿದ್ದರೆ ಎಲ್ಲವೂ ತಳ ಸೇರುತ್ತವೆ. ಅರ್ಧ ಜೆಲ್ಲಿ ಸುರಿದು, ಅದು ಹೆಪ್ಪಾಗಿಯೂ ಬೆಚ್ಚಗಿರುವಾಗಲೇ ಬೀಜ ಬೆರೆಸಿದ ಉಳಿದರ್ಧವನ್ನು ಮೇಲೆ ಹಾಕಿ. ಪೂರ್ತಿ ತಣ್ಣಗಾದ ಅಗರ್‌ಗೆ ಮೇಲಿನ ಪದರ ಅಂಟುವುದಿಲ್ಲ, ಜಾರಿಬೀಳುತ್ತದೆ.

ಆ ಮೂರು ವರ್ಷದ ಮಕ್ಕಳ ವಿಷಯ. ಅಗರ್ ಬಾಯಲ್ಲಿ ಕರಗುವುದಿಲ್ಲ ಎಂಬುದನ್ನು ಮರೆಯಬಾರದು. ಅವರಿಗೆ ಮೆತ್ತಗಿನ ಜೆಲ್ಲಿಯನ್ನು ಚಮಚದಲ್ಲಿ ಪುಡಿಮಾಡಿ, ಕೂರಿಸಿ, ದೊಡ್ಡವರು ಪಕ್ಕದಲ್ಲಿದ್ದು ತಿನ್ನಿಸಬೇಕು. ಇಡೀ ಲಿಚಿ, ಇಡೀ ದ್ರಾಕ್ಷಿ ಅವರ ತಟ್ಟೆಗೆ ಬರಲೇಬಾರದು. ಉದ್ದಕ್ಕೆ ನಾಲ್ಕು ಸೀಳು ಮಾಡಿ ಕೊಡಿ.

ಉತ್ತರ: ಡಲ್ಲಸ್‌ನಿಂದ, ಅಡುಗೆಯ ಹುಚ್ಚಿನವನು

ಅಜ್ಜಿಯವರಿಗೆ ನಮಸ್ಕಾರ, ಎಷ್ಟು ವಿವರವಾಗಿ ಬರೆದಿದ್ದೀರಿ! ನನ್ನದೂ ಎರಡು ಸಲಹೆ. ಕೈಗವಸಿನಲ್ಲಿ ಜೆಲ್ಲಿ ತುಂಬಿಸಿ, ಕಟ್ಟಿ, ಗಟ್ಟಿಯಾದ ಮೇಲೆ ಕೈಗವಸನ್ನು ಕತ್ತರಿಸಿ ತೆಗೆದರೆ ಕತ್ತರಿಸಿಟ್ಟ ಕೈ ಸಿದ್ಧ. ಹಾಗೆಯೇ ಬಾಗುವ ಸ್ಟ್ರಾಗಳನ್ನು ಒಂದು ಲೋಟದಲ್ಲಿ ಒತ್ತೊತ್ತಾಗಿ ನಿಲ್ಲಿಸಿ ಜೆಲ್ಲಿ ಸುರಿದು, ಆಮೇಲೆ ಹಿಂಡಿದರೆ ಎರೆಹುಳುಗಳು. ನಡುಗಬೇಕು ಎಂದಿದ್ದರೆ ಅಗರ್ ಜೊತೆ ಕೊಂಜಾಕ್ ಪುಡಿ ಬೆರೆಸಿ. ಅದೂ ಗೆಡ್ಡೆಯಿಂದ ಬಂದದ್ದು, ಸಸ್ಯಾಹಾರವೇ, ರಬ್ಬರ್‌ನ ಹಾಗೆ ಪುಟಿಯುತ್ತದೆ.

ಉತ್ತರ: ಪ್ರಯೋಗಾಲಯದ ಅಜ್ಜಿ

ಕೊಂಜಾಕ್ ಬೇಡಪ್ಪ, ಚಿಕ್ಕ ಮಕ್ಕಳಿರುವ ಮನೆಯಲ್ಲಿ ಖಂಡಿತ ಬೇಡ. ನೀನು ಹೇಳಿದ ಆ ಪುಟಿಯುವ ಗುಣವೇ ಅಪಾಯ. ಪುಟ್ಟ ಬಟ್ಟಲುಗಳಲ್ಲಿ ಬರುತ್ತಿದ್ದ ಕೊಂಜಾಕ್ ಜೆಲ್ಲಿ ಗಂಟಲಿಗೆ ಸಿಕ್ಕಿಕೊಂಡು ಮಕ್ಕಳು ಸತ್ತಿದ್ದಾರೆ. 2001ರಲ್ಲಿ ಅಮೆರಿಕದ ಆಹಾರ ಮತ್ತು ಔಷಧ ಆಡಳಿತ ಅದರ ಬಗ್ಗೆ ಎಚ್ಚರಿಕೆ ಕೊಟ್ಟು ಆಮದನ್ನೂ ತಡೆಯಿತು, ಯುರೋಪಿನಲ್ಲೂ ಅಂಥ ಬಟ್ಟಲುಗಳಿಗೆ ನಿಷೇಧ ಬಂತು. ಅದು ಬಾಯಲ್ಲಿ ಕರಗುವುದಿಲ್ಲ, ಒತ್ತಿದರೆ ಒಡೆಯುವುದೂ ಇಲ್ಲ. ಅಗರ್ ಕರಗದಿದ್ದರೂ ನಾಲಗೆ ಒತ್ತಿದರೆ ಪುಡಿಯಾಗುತ್ತದೆ. ನಡುಗುವ ಜೆಲ್ಲಿ ಇಲ್ಲ ಎಂದು ಪಾರ್ಟಿಯೇನೂ ನಿಂತುಹೋಗುವುದಿಲ್ಲ.

ಕೈಯ ಉಪಾಯ ಚೆನ್ನಾಗಿದೆ, ಕೈಗವಸು ಮಾತ್ರ ಒಳಗೆ ಪುಡಿ ಸವರದ, ಆಹಾರ ಮುಟ್ಟಲೆಂದೇ ಮಾಡಿದ್ದಾಗಿರಬೇಕು. ಲೇಟೆಕ್ಸ್ ಅಲರ್ಜಿ ಇರುವ ಮಕ್ಕಳಿರುತ್ತಾರೆ, ಅದನ್ನು ಬಳಸಬಾರದು. ಅಗರ್‌ನಲ್ಲಿ ಮಾಡಿದರೆ ಬೆರಳುಗಳು ಬುಡದಲ್ಲಿ ಮುರಿಯುವ ಸಾಧ್ಯತೆ ಹೆಚ್ಚು. ಮುರಿದ ಬೆರಳನ್ನು ಅಲ್ಲೇ ಪಕ್ಕದಲ್ಲಿಟ್ಟು ನಡುವೆ ಪುನರ್ಪುಳಿ ಸುರಿಯಿರಿ, ಈ ಹಬ್ಬಕ್ಕೆ ಅದು ಇನ್ನೂ ಒಳ್ಳೆಯದು.

ಸ್ಟ್ರಾ ಹುಳುಗಳು ಜೆಲಟಿನ್‌ಗೆ ಹೇಳಿ ಮಾಡಿಸಿದ ಕೆಲಸ. ಹಿಂಡುವಾಗ ಬಾಗಬೇಕು, ಅಗರ್ ತುಂಡು ತುಂಡಾಗುತ್ತದೆ. ಅದರ ಬದಲು ಅಗರ್ ಮಾತ್ರ ಮಾಡಬಲ್ಲದ್ದನ್ನು ಮಾಡಿ: ಜೇಡರ ಮೊಟ್ಟೆಗಳು. ಎತ್ತರದ ಲೋಟದಲ್ಲಿ ಅಡುಗೆ ಎಣ್ಣೆ ತುಂಬಿಸಿ ಅರ್ಧ ಗಂಟೆ ಫ್ರೀಜರ್‌ನಲ್ಲಿಡಿ. ಅರ್ಧ ಕಪ್ ನೀರಿನಲ್ಲಿ ಒಂದು ಟೀ ಚಮಚ ಅಗರ್ ಕುದಿಸಿ, ಒಲೆ ಆರಿಸಿ, ಅರ್ಧ ಕಪ್ ಬೆಚ್ಚಗಿನ ಕಪ್ಪು ದ್ರಾಕ್ಷಿ ರಸ ಸೇರಿಸಿ. ಔಷಧಿ ಹಾಕುವ ಡ್ರಾಪರ್‌ನಿಂದ ಹನಿ ಹನಿಯಾಗಿ ಎಣ್ಣೆಗೆ ಬಿಡಿ. ಹನಿ ಕೆಳಗಿಳಿಯುವಷ್ಟರಲ್ಲಿ ದುಂಡಗೆ ಗಟ್ಟಿಯಾಗಿ ತಳ ಸೇರುತ್ತದೆ. ಜರಡಿಯಲ್ಲಿ ಸೋಸಿ ತಣ್ಣೀರಿನಲ್ಲಿ ತೊಳೆಯಿರಿ. ಎಣ್ಣೆಯನ್ನು ಮತ್ತೆ ಅಡುಗೆಗೆ ಬಳಸಬಹುದು. ನಾಲ್ಕನೆಯ ತರಗತಿಯ ಮಕ್ಕಳು ಈ ಕೆಲಸ ಬಿಟ್ಟು ಏಳುವುದಿಲ್ಲ, ಅಗರ್ ಕುದಿಸುವುದನ್ನು ಮಾತ್ರ ನೀವು ಮಾಡಿಕೊಡಿ.

ರಸದ ಹುಳಿಯ ಬಗ್ಗೆ ಒಂದು ಮಾತು. ನಿಂಬೆ, ದ್ರಾಕ್ಷಿಯಂಥ ಹುಳಿ ರಸಗಳನ್ನು ಅಗರ್ ಜೊತೆ ಕುದಿಸಿದರೆ ಅದರ ಬಲ ಕುಗ್ಗುತ್ತದೆ, ಆದ್ದರಿಂದ ಯಾವಾಗಲೂ ಒಲೆ ಆರಿಸಿದ ಮೇಲೆ ಸೇರಿಸಿ. ಹಸಿ ಅನಾನಸ್, ಕಿವಿ, ಪಪಾಯ ಇವೆಲ್ಲ ಜೆಲಟಿನ್‌ಗೆ ಆಗಿಬರುವುದಿಲ್ಲ, ಪ್ರೋಟೀನನ್ನು ತುಂಡರಿಸುವ ಕಿಣ್ವಗಳು ಅವುಗಳಲ್ಲಿವೆ. ಅಗರ್‌ನಲ್ಲಿ ಪ್ರೋಟೀನೇ ಇಲ್ಲ, ಧೈರ್ಯವಾಗಿ ಹಾಕಿ. ಹಸಿರು ಕಿವಿಯ ಬಿಲ್ಲೆಗಳು ಕೊಳದೊಳಗೆ ರಾಕ್ಷಸನ ಕಣ್ಣಾಗುತ್ತವೆ.

ಉತ್ತರ: ಹ್ಯಾಮಿಲ್ಟನ್, ಒಂಟಾರಿಯೋ

ಮಗಳಿಗೆ ಹೇಳಲು ನಮ್ಮ ಊರಿನದೊಂದು ಕಥೆ. 1970ರ ದಶಕದಲ್ಲಿ ಇಲ್ಲಿನ ಮ್ಯಾಕ್‌ಮಾಸ್ಟರ್ ವಿಶ್ವವಿದ್ಯಾಲಯದ ನರವೈದ್ಯ ಏಡ್ರಿಯನ್ ಅಪ್ಟನ್ ಅವರು ನಿಂಬೆಹಸಿರು ಬಣ್ಣದ ಜೆಲ್ಲಿ ಮುದ್ದೆಯೊಂದಕ್ಕೆ ಮೆದುಳಿನ ವಿದ್ಯುತ್ ಅಲೆಗಳನ್ನು ಅಳೆಯುವ ಇಇಜಿ ಯಂತ್ರದ ತಂತಿಗಳನ್ನು ಜೋಡಿಸಿದರು. ಕಾಗದದ ಮೇಲೆ ಜೀವಂತ ಮೆದುಳಿನಂಥ ಅಲೆಗಳೇ ಮೂಡಿದವು! ಸುತ್ತಲಿನ ಉಪಕರಣಗಳ ಸಂಕೇತಗಳನ್ನೂ ಆ ಯಂತ್ರ ಹಿಡಿದುಕೊಳ್ಳುತ್ತದೆ, ಆದ್ದರಿಂದ ರೋಗಿಯ ಮೆದುಳು ಸತ್ತಿದೆಯೋ ಇಲ್ಲವೋ ಎಂದು ಅದೊಂದನ್ನೇ ನಂಬಿ ತೀರ್ಮಾನಿಸಬಾರದು ಎಂದು ತೋರಿಸುವುದು ಅವರ ಉದ್ದೇಶವಾಗಿತ್ತು. ಜೆಲ್ಲಿ ಮೆದುಳನ್ನು ಕತ್ತರಿಸುವ ಮುಂಚೆ ಮಕ್ಕಳಿಗೆ ಇದನ್ನು ಹೇಳಿ, ಅದಕ್ಕಿಂತ ದೆವ್ವದ ಕಥೆ ಬೇಡ.

ಪ್ರಶ್ನೆ ಕೇಳಿದವರು: ನೇಪರ್‌ವಿಲ್‌ನ ಅಮ್ಮ

ಎಲ್ಲರಿಗೂ ತುಂಬು ಹೃದಯದ ಧನ್ಯವಾದ. ಅಜ್ಜಿ, ನಿಮ್ಮ ಉತ್ತರವನ್ನು ಅತ್ತೆಯವರಿಗೆ ಪೂರ್ತಿ ಓದಿ ಹೇಳಿದೆ. ಫ್ಯಾನಿ ಹೆಸ್ಸೆಯ ಭಾಗವನ್ನು ಎರಡು ಸಲ ಓದಿಸಿಕೊಂಡರು. ಪುನರ್ಪುಳಿ ನಾನೇ ನೋಡಿಕೊಳ್ಳುತ್ತೇನೆ ಎಂದಿದ್ದಾರೆ. ಮಗಳು ಕಪ್ಪೆಯ ಮೊಟ್ಟೆ ಮತ್ತು ಜೇಡರ ಮೊಟ್ಟೆ ಎರಡೂ ಬೇಕು ಎನ್ನುತ್ತಿದ್ದಾಳೆ.

ಇನ್ನು ಮೂರು ಸಂದೇಹ. ಎರಡು ದಿನ ಮುಂಚೆ ಮಾಡಿಡಬಹುದೇ, ಫ್ರೀಜರ್‌ನಲ್ಲಿಟ್ಟರೆ ಹೇಗೆ? ಅಗರ್ ಜೆಲ್ಲಿ ನೀರು ಬಿಡುತ್ತದೆ ಎಂದು ಅತ್ತೆ ಹೇಳುತ್ತಾರೆ, ಅದಕ್ಕೇನು ಮಾಡುವುದು? ಕರಗುವುದಿಲ್ಲ ಎಂದಿರಿ, ಹಾಗಾದರೆ ಸಂಜೆಯಿಡೀ ಮೇಜಿನ ಮೇಲೆ ಬಿಡಬಹುದಲ್ಲವೇ?

ಉತ್ತರ: ಪ್ರಯೋಗಾಲಯದ ಅಜ್ಜಿ

ಫ್ರೀಜರ್‌ಗೆ ಇಡಬೇಡಿ. ಒಳಗಿನ ನೀರು ಹರಳುಗಟ್ಟಿ, ಆ ನೀರನ್ನು ಹಿಡಿದಿಟ್ಟಿದ್ದ ಅಗರ್‌ನ ಬಲೆ ಹರಿದುಹೋಗುತ್ತದೆ, ಕರಗಿದಾಗ ನೀರೆಲ್ಲ ಹೊರಗೆ ಬಂದು ಸ್ಪಂಜಿನಂಥದ್ದು ಉಳಿಯುತ್ತದೆ. ಒಣಗಿದ ಅಗರ್ ಹುಟ್ಟಿದ್ದೇ ಹೀಗೆ ಎಂದು ಜಪಾನಿನಲ್ಲಿ ಹೇಳುತ್ತಾರೆ. 17ನೆಯ ಶತಮಾನದ ಒಂದು ಚಳಿಗಾಲ, ಕ್ಯೋಟೋ ಬಳಿಯ ಛತ್ರದವನೊಬ್ಬ ಮಿಕ್ಕ ಕಡಲಪಾಚಿಯ ಜೆಲ್ಲಿಯನ್ನು ಹೊರಗೆ ಎಸೆದನಂತೆ. ರಾತ್ರಿ ಹೆಪ್ಪುಗಟ್ಟಿ, ಹಗಲು ಕರಗಿ, ಕೊನೆಗೆ ಹಗುರವಾದ ಒಣ ಪದಾರ್ಥ ಸಿಕ್ಕಿತಂತೆ. ಅದನ್ನು ಕುದಿಸಿದರೆ ಮತ್ತೆ ಜೆಲ್ಲಿ. ನಿಮ್ಮ ಪೊಟ್ಟಣದ ಎಳೆಗಳು ಅದೇ ಬಗೆಯವು.

ಮೆದುಳನ್ನು ಹಿಂದಿನ ರಾತ್ರಿ ಮಾಡಿ, ಎರಡು ದಿನ ಮುಂಚೆ ಬೇಡ. ಅತ್ತೆಯವರು ಹೇಳಿದಂತೆ ಅಗರ್ ಇಟ್ಟಷ್ಟೂ ಹೊತ್ತು ನಿಧಾನವಾಗಿ ನೀರು ಬಿಡುತ್ತಲೇ ಇರುತ್ತದೆ. ಸಕ್ಕರೆ ತೀರಾ ಕಡಿಮೆ ಮಾಡಿದರೆ ಇನ್ನಷ್ಟು ಬಿಡುತ್ತದೆ, ಆದ್ದರಿಂದ ಆ ಮುಕ್ಕಾಲು ಕಪ್ಪನ್ನು ಇಳಿಸಬೇಡಿ. ಅಚ್ಚಿನ ಬಾಯಿಗೆ ಪ್ಲಾಸ್ಟಿಕ್ ಹಾಳೆ ಅಂಟಿಸಿ ಮುಚ್ಚಿಡಿ. ಮಗುಚುವುದನ್ನು ಅತಿಥಿಗಳು ಬರುವುದಕ್ಕೆ ಸ್ವಲ್ಪ ಮುಂಚೆ ಇಟ್ಟುಕೊಳ್ಳಿ. ಜೆಲಟಿನ್ ಅಚ್ಚನ್ನು ಬಿಸಿನೀರಿನಲ್ಲಿ ಅದ್ದುವ ಹಾಗೆ ಇದಕ್ಕೆ ಬೇಕಿಲ್ಲ. ಅಂಚಿನ ಸುತ್ತ ಬೆರಳಿನಿಂದ ಮೆಲ್ಲಗೆ ಒಳಕ್ಕೆ ಎಳೆದರೆ ಗಾಳಿ ನುಗ್ಗಿ ತಾನೇ ಬಿಡುತ್ತದೆ. ತಟ್ಟೆಯನ್ನು ನೀರಿನಿಂದ ಒದ್ದೆ ಮಾಡಿರಿ, ನಡುವೆ ಬೀಳದಿದ್ದರೆ ಮುರಿಯದಂತೆ ಜಾರಿಸಬಹುದು. ಮಗುಚುವ ಕೆಲಸಕ್ಕೆ ಇಬ್ಬರು ಬೇಕು, ಒಬ್ಬರು ತಟ್ಟೆ ಒತ್ತಿಹಿಡಿಯಲು, ಒಬ್ಬರು ಅಚ್ಚು ತಿರುಗಿಸಲು. ಮೂಲೆಯಲ್ಲಿ ಒಂದು ತುಣುಕು ಒಡೆದರೆ ಅಲ್ಲೇ ರಕ್ತ ಸುರಿಯಿರಿ.

ಮೇಜಿನ ಮೇಲೆ ಸಂಜೆಯಿಡೀ ಬಿಡುವ ಮಾತು ಬೇಡ. ಆಕಾರ ನಿಲ್ಲುತ್ತದೆ, ಹಾಲು ನಿಲ್ಲುವುದಿಲ್ಲ. ಅಗರ್ ಮತ್ತು ಹಾಲು ಎರಡೂ ಸೇರಿದರೆ ಬ್ಯಾಕ್ಟೀರಿಯಾಗಳಿಗೆ ಎಂಥ ಊಟ ಎಂದು ನಾನು ಪ್ರತಿದಿನ ಕಣ್ಣಾರೆ ನೋಡಿದವಳು. ಫ್ರಿಜ್‌ನಿಂದ ತೆಗೆದ ಎರಡು ಗಂಟೆಯೊಳಗೆ ತಿಂದು ಮುಗಿಸಿ ಅಥವಾ ಮತ್ತೆ ಒಳಗಿಡಿ. ಮಕ್ಕಳು ಬೀದಿ ಸುತ್ತಿ ಬಂದು ಕೈತೊಳೆದ ಮೇಲೆಯೇ ಹೊರಗೆ ತನ್ನಿ. ಟಾನಿಕ್ ಕೊಳದಲ್ಲಿ ಹಾಲಿಲ್ಲ, ಅದು ಬಲ್ಬಿನ ಕೆಳಗೆ ರಾತ್ರಿಯಿಡೀ ಇರಲಿ, ಮಕ್ಕಳ ಕೈಗೆ ಎಟುಕದಷ್ಟು ಎತ್ತರದಲ್ಲಿ.

ಪ್ರತಿ ತಟ್ಟೆಯ ಮುಂದೆ ಒಂದು ಚೀಟಿ ಇಡಿ: ಏನೇನು ಹಾಕಿದೆ, ಹಾಲಿದೆಯೇ, ತೆಂಗಿದೆಯೇ, 'ಜೆಲಟಿನ್ ಇಲ್ಲ' ಎಂದು ದಪ್ಪ ಅಕ್ಷರದಲ್ಲಿ. ಆ ಹಲಾಲ್ ಕುಟುಂಬದ ತಾಯಿ ಕೇಳಬೇಕೋ ಬೇಡವೋ ಎಂದು ಹಿಂಜರಿಯದೆ ಮಗುವಿಗೆ ಬಡಿಸುತ್ತಾರೆ. ಚೀಟಿ ಬರೆಯುವುದನ್ನು ನಿಮ್ಮ ಮಗಳಿಗೇ ಕೊಡಿ, ಡಬ್ಬಿಯ ಹಿಂದೆ ಓದಿ ಓದಿ ಅವಳಿಗೆ ಅದು ಚೆನ್ನಾಗಿ ಗೊತ್ತು.

ಇನ್ನೊಂದು. ಏಷ್ಯನ್ ಅಂಗಡಿಯಿಂದ ತಂದಿದ್ದೀರಲ್ಲ, ಆ ಪುಡಿಯ ಪದಾರ್ಥಗಳ ಪಟ್ಟಿಯನ್ನು ಈಗಲೇ ನೋಡಿ. ಅಗರ್ ಒಂದೇ ಇದ್ದರೆ ನನ್ನ ಅಳತೆ ಸರಿ. ಸಕ್ಕರೆ, ಪರಿಮಳ ಸೇರಿಸಿದ ಸಿದ್ಧ ಮಿಶ್ರಣವಾಗಿದ್ದರೆ ನಾಲ್ಕು ಚಮಚಕ್ಕೆ ಅದು ಗಟ್ಟಿಯಾಗುವುದಿಲ್ಲ, ಪೊಟ್ಟಣದ ಮೇಲಿನ ಅಳತೆಯನ್ನೇ ಹಿಡಿಯಬೇಕು. ನೋಡಿ ಹೇಳಿ, ಲೆಕ್ಕ ಬದಲಿಸಿ ಕೊಡುತ್ತೇನೆ.

ಪ್ರಶ್ನೆ ಕೇಳಿದವರು: ನೇಪರ್‌ವಿಲ್‌ನ ಅಮ್ಮ

ನೋಡಿದೆ ಅಜ್ಜಿ, ಅಗರ್ ಒಂದೇ ಇದೆ. ಅಚ್ಚು ಐದು ಕಪ್ ಹಿಡಿಯುತ್ತದೆ, ಹಾಗಾಗಿ ಐದು ಚಮಚ ಎಂದು ಬರೆದುಕೊಂಡಿದ್ದೇನೆ. ಶನಿವಾರ ಒಂದು ಕಪ್‌ನಷ್ಟು ಮಾಡಿ ಬಣ್ಣ ನೋಡುತ್ತೇವೆ. ಕಾಮಕಸ್ತೂರಿ ಬೀಜ ಅತ್ತೆಯವರ ಪೆಟ್ಟಿಗೆಯಲ್ಲೇ ಇತ್ತು.